ಸಂಹನನ: ಒಂದು ಶರೀರರಚನಾ ಪದದ ಅರ್ಥ, ಇತಿಹಾಸ ಮತ್ತು ನಮ್ಮ ಆಚರಣೆ

ಜಿನಾಗಮದ ಪಾರಿಭಾಷಿಕ ಪದಗಳಲ್ಲಿ ಕೆಲವು ನಮ್ಮ ನಾಲಗೆಯ ಮೇಲೆ ನಿತ್ಯವೂ ಇರುತ್ತವೆ. ಅವುಗಳ ಅರ್ಥವನ್ನು ಬಿಡಿಸಿ ಹೇಳೆಂದರೆ ಮಾತ್ರ ತಡವರಿಸುತ್ತೇವೆ. ಅಂತಹ ಪದಗಳಲ್ಲಿ ‘ಸಂಹನನ’ ಒಂದು. ಸ್ವಾಧ್ಯಾಯ ಸಭೆಗಳಲ್ಲಿ ವ್ರತ, ಸಾಮಾಯಿಕ, ಧ್ಯಾನಗಳ ಮಾತು ಬಂದಾಗ “ಅದೆಲ್ಲ ವಜ್ರಶರೀರದವರಿಗೆ, ನಮ್ಮದು ಹೀನಸಂಹನನ, ನಮ್ಮಿಂದ ಏನಾಗುತ್ತದೆ?” ಎಂಬ ಉತ್ತರ ಸಿದ್ಧವಾಗಿರುತ್ತದೆ. ಇನ್ನೊಂದು ಕಡೆ, ಪರ್ವದಿನಗಳಲ್ಲಿ ಮುಪ್ಪಿನವರನ್ನೂ ರೋಗಿಗಳನ್ನೂ ದೀರ್ಘ ಉಪವಾಸಕ್ಕೆ ಹುರಿದುಂಬಿಸುವ ಉತ್ಸಾಹವೂ ಕಾಣುತ್ತದೆ. ಮೊದಲನೆಯದು ಪದವನ್ನು ನೆಪವಾಗಿ ಬಳಸುವುದು. ಎರಡನೆಯದು ಪದವನ್ನೇ ಮರೆತುಬಿಡುವುದು. ಎರಡೂ ಆಚಾರ್ಯರ ಆಶಯಕ್ಕೆ ದೂರವಾದವು. ಆದ್ದರಿಂದ ಈ ಪದದ ಅರ್ಥವನ್ನೂ ಅದು ನಡೆದುಬಂದ ದಾರಿಯನ್ನೂ ಸ್ವಲ್ಪ ವಿಸ್ತಾರವಾಗಿ ವಿಚಾರಿಸುವುದು ಯುಕ್ತ.

ಶಬ್ದಾರ್ಥ

‘ಹನ್’ ಎಂಬ ಧಾತುವಿಗೆ ಹೊಡೆಯುವುದು ಎಂಬ ಅರ್ಥ ಪ್ರಸಿದ್ಧ. ಅದಕ್ಕೆ ‘ಸಂ’ ಎಂಬ ಉಪಸರ್ಗ ಸೇರಿದಾಗ ಒಂದಕ್ಕೊಂದು ಬಿಗಿಯಾಗಿ ಕೂಡಿಸುವುದು ಎಂಬ ಅರ್ಥ ಬರುತ್ತದೆ. ಬಡಗಿಯು ಮರದ ತುಂಡುಗಳನ್ನು ಹೊಡೆದು ಕೂಡಿಸುವಂತೆ. ಸಂಹತ, ಸಂಘಾತ ಎಂಬ ಶಬ್ದಗಳೂ ಇದೇ ಮೂಲದವು. ಅಮರಕೋಶದಲ್ಲಿ ‘ಸಂಹನನ’ವು ಶರೀರದ ಪರ್ಯಾಯನಾಮಗಳಲ್ಲಿ ಒಂದಾಗಿ ಬಂದಿದೆ. ದೇಹವೆಂದರೆ ಬಿಗಿದು ಕಟ್ಟಲ್ಪಟ್ಟದ್ದು ಎಂಬುದು ಅಲ್ಲಿನ ಭಾವ.

ಆಯುರ್ವೇದದಲ್ಲಿಯೂ ಈ ಪದಕ್ಕೆ ಸ್ಥಾನವಿದೆ. ಚರಕಸಂಹಿತೆಯ ವಿಮಾನಸ್ಥಾನದಲ್ಲಿ ರೋಗಿಯನ್ನು ಪ್ರಕೃತಿ, ವಿಕೃತಿ, ಸಾರ, ಸಂಹನನ, ಪ್ರಮಾಣ, ಸಾತ್ಮ್ಯ, ಸತ್ತ್ವ, ಆಹಾರಶಕ್ತಿ, ವ್ಯಾಯಾಮಶಕ್ತಿ, ವಯಸ್ಸು ಎಂಬ ಹತ್ತು ವಿಧದಿಂದ ಪರೀಕ್ಷಿಸಬೇಕೆಂದು ಹೇಳಿದೆ. ಅಲ್ಲಿ ಸಂಹನನವೆಂದರೆ ಮೂಳೆಗಳು ಸಮವಾಗಿ ಹಂಚಿಕೊಂಡು, ಸಂಧಿಗಳು ಚೆನ್ನಾಗಿ ಕೂಡಿ, ಮಾಂಸರಕ್ತಗಳು ಸರಿಯಾಗಿ ನೆಲೆಗೊಂಡ ಮೈಕಟ್ಟು. ವೈದ್ಯನು ಈ ಪರೀಕ್ಷೆ ಮಾಡುವ ಉದ್ದೇಶ ರೋಗಿಯ ಬಲವನ್ನು ತಿಳಿಯುವುದು. ಬಲವನ್ನು ತಿಳಿಯದೆ ಕೊಟ್ಟ ಔಷಧ ಅಪಾಯಕಾರಿ. ಈ ಮಾತನ್ನು ಓದುಗರು ನೆನಪಿನಲ್ಲಿಡಬೇಕು. ಮುಂದೆ ಪ್ರಯೋಜನಕ್ಕೆ ಬರುತ್ತದೆ.

ಜೈನಶಾಸ್ತ್ರವು ಇದೇ ಪದವನ್ನು ಇನ್ನೂ ಸೂಕ್ಷ್ಮವಾದ ಅರ್ಥದಲ್ಲಿ ತೆಗೆದುಕೊಂಡಿತು. ಇಲ್ಲಿ ಸಂಹನನವೆಂದರೆ ಮೂಳೆಗಳ ಬಂಧನವಿಶೇಷ, ಅಂದರೆ ಒಂದು ಮೂಳೆ ಇನ್ನೊಂದಕ್ಕೆ ಯಾವ ರೀತಿಯಲ್ಲಿ ಕೂಡಿಕೊಂಡಿದೆ ಎಂಬುದು.

ನಾಮಕರ್ಮದಲ್ಲಿ ಸ್ಥಾನ

ಎಂಟು ಮೂಲಕರ್ಮಗಳಲ್ಲಿ ಆರನೆಯದು ನಾಮಕರ್ಮ. ಅದರ ಉತ್ತರಭೇದಗಳು 93. ಅಂಗಡಿಯ ಲೆಕ್ಕದಲ್ಲಿ ಒಂದೊಂದು ಬಾಬಿಗೆ ಒಂದೊಂದು ಖಾತೆ ಇರುವಂತೆ, ಶರೀರದ ಒಂದೊಂದು ಸಂಗತಿಗೂ ಇಲ್ಲಿ ಒಂದೊಂದು ಕರ್ಮಪ್ರಕೃತಿಯಿದೆ. ಶರೀರ, ಅಂಗೋಪಾಂಗ, ಬಂಧನ, ಸಂಘಾತ, ಸಂಸ್ಥಾನ, ಸಂಹನನಗಳು ಬೇರೆಬೇರೆ ಖಾತೆಗಳು; ಒಂದರ ಜಮೆಯನ್ನು ಇನ್ನೊಂದರಲ್ಲಿ ಬರೆಯಬಾರದು.

ಹೆಚ್ಚಾಗಿ ಗೊಂದಲವಾಗುವುದು ಸಂಸ್ಥಾನ ಮತ್ತು ಸಂಹನನಗಳ ನಡುವೆ. ಸಂಸ್ಥಾನವು ಶರೀರದ ಹೊರ ಆಕಾರಕ್ಕೆ ಸಂಬಂಧಿಸಿದ್ದು. ಸಮಚತುರಸ್ರ, ನ್ಯಗ್ರೋಧಪರಿಮಂಡಲ, ಸ್ವಾತಿ, ಕುಬ್ಜ, ವಾಮನ, ಹುಂಡಕ ಎಂದು ಅದು ಆರು ವಿಧ. ಸಂಹನನವು ಒಳಗಿನ ಮೂಳೆಗಳ ಬಂಧಕ್ಕೆ ಸಂಬಂಧಿಸಿದ್ದು. ನೋಡಲು ಸುಂದರನಾದವನ ಸಂಹನನ ದುರ್ಬಲವಾಗಿರಬಹುದು; ಗೂನುಬೆನ್ನಿನವನ ಮೂಳೆ ಗಟ್ಟಿಯಾಗಿರಬಹುದು. ಮನೆಯ ಮುಖಮಂಟಪ ಬೇರೆ, ತೊಲೆಕಂಬಗಳ ಕೂಡಿಕೆ ಬೇರೆ.

ಮೂಳೆಯಿಲ್ಲದ ಕಡೆ ಸಂಹನನವಿಲ್ಲ. ದೇವ ನಾರಕಿಗಳ ವೈಕ್ರಿಯಿಕ ಶರೀರದಲ್ಲಿ ಅಸ್ಥಿಗಳಿಲ್ಲವಾದ್ದರಿಂದ ಅವರಿಗೆ ಈ ಕರ್ಮದ ಉದಯವಿಲ್ಲ. ಏಕೇಂದ್ರಿಯ ಜೀವಗಳಿಗೂ ಇಲ್ಲ. ಇಂದ್ರನಿಗೂ ಇಲ್ಲದ ಈ ಅಸ್ಥಿಬಂಧ ಮನುಷ್ಯನಿಗಿದೆ, ಮತ್ತು ಮೋಕ್ಷದ ಬಾಗಿಲು ತೆರೆಯುವುದು ಮನುಷ್ಯಗತಿಯಲ್ಲಿಯೇ ಎಂಬುದು ಮನನಯೋಗ್ಯ.

ಆರು ಭೇದಗಳು

ಸಂಹನನಗಳು ಆರು: ವಜ್ರವೃಷಭನಾರಾಚ, ವಜ್ರನಾರಾಚ, ನಾರಾಚ, ಅರ್ಧನಾರಾಚ, ಕೀಲಕ ಅಥವಾ ಕೀಲಿತ, ಮತ್ತು ಅಸಂಪ್ರಾಪ್ತಾಸೃಪಾಟಿಕಾ. ಹೆಸರುಗಳು ಕಠಿಣವೆನಿಸಿದರೂ ಬಿಡಿಸಿ ನೋಡಿದರೆ ಚಿತ್ರ ಸ್ಪಷ್ಟವಾಗುತ್ತದೆ. ವೃಷಭ ಅಥವಾ ಋಷಭವೆಂದರೆ ಸುತ್ತಿದ ಬಂಧ, ವೇಷ್ಟನ. ನಾರಾಚವೆಂದರೆ ಮೊಳೆ. ವಜ್ರವೆಂದರೆ ಭೇದಿಸಲಾಗದ ಗಟ್ಟಿತನ.

ಎಂಟನೆಯ ಶತಮಾನದ ಅಕಲಂಕದೇವರು ತತ್ತ್ವಾರ್ಥರಾಜವಾರ್ತಿಕದಲ್ಲಿ ಕೊಡುವ ವಿವರಣೆಯನ್ನು ಗಾಡಿಯ ಉಪಮೆಯಿಂದ ಹೀಗೆ ತಿಳಿಯಬಹುದು. ಗಾಡಿಯ ಮರ ವಜ್ರದಂತೆ ಗಟ್ಟಿ, ಕೂಡಿಕೆಗಳಿಗೆ ಸುತ್ತಲೂ ಬಳೆ, ನಡುವೆ ಮೊಳೆ: ಇದು ಮೊದಲನೆಯದು. ಮೊಳೆ ಮತ್ತು ಗಟ್ಟಿತನ ಉಳಿದು ಸುತ್ತಿನ ಬಳೆ ಇಲ್ಲವಾದರೆ ಎರಡನೆಯದು. ವಜ್ರದ ಗಟ್ಟಿತನವೂ ಬಳೆಯೂ ಹೋಗಿ ಮೊಳೆಯಷ್ಟೇ ಉಳಿದರೆ ಮೂರನೆಯದು. ಒಂದು ಪಕ್ಕಕ್ಕೆ ಮೊಳೆಯಿದ್ದು ಇನ್ನೊಂದು ಪಕ್ಕಕ್ಕೆ ಇಲ್ಲದಿದ್ದರೆ ನಾಲ್ಕನೆಯದು. ತುದಿಗಳಲ್ಲಿ ಬರಿಯ ಕೀಲು ಮಾತ್ರ ಇದ್ದರೆ ಐದನೆಯದು. ಆರನೆಯದರಲ್ಲಿ ಒಳಗೆ ಮೂಳೆಗಳು ಒಂದಕ್ಕೊಂದು ಕೂಡಿಕೊಂಡಿಲ್ಲ. ಹೊರಗಿನಿಂದ ಸಿರೆ, ಸ್ನಾಯು, ಮಾಂಸಗಳು ಅವನ್ನು ಹಿಡಿದಿಟ್ಟಿವೆ. ವೀರಸೇನಾಚಾರ್ಯರು ಧವಲಾಟೀಕೆಯಲ್ಲಿ ಈ ಆರನೆಯದಕ್ಕೆ ಸರೀಸೃಪದ ಮೂಳೆಗಳ ಹೋಲಿಕೆ ಕೊಟ್ಟಿದ್ದಾರೆ: ಹಾವಿನ ಮೂಳೆಗಳಂತೆ ಬಿಡಿಬಿಡಿಯಾಗಿದ್ದು ಸಿರೆಗಳಿಂದ ಕಟ್ಟಲ್ಪಟ್ಟವು.

ಶ್ವೇತಾಂಬರ ಪರಂಪರೆಯಲ್ಲಿ ಸಂಖ್ಯೆ ಆರೇ ಆದರೂ ವಿವರಣೆಯಲ್ಲಿ ಭೇದವಿದೆ. ಅಲ್ಲಿ ವಜ್ರವೆಂದರೆ ಕೀಲು, ಋಷಭವೆಂದರೆ ಪಟ್ಟಿ, ನಾರಾಚವೆಂದರೆ ಮರ್ಕಟಬಂಧ, ಅಂದರೆ ಮರಿಕೋತಿ ತಾಯಿಯನ್ನು ಅಪ್ಪಿಕೊಂಡಂತೆ ಮೂಳೆಗಳು ಎರಡೂ ಕಡೆಯಿಂದ ಹೆಣೆದುಕೊಂಡಿರುವುದು. ಅವರಲ್ಲಿ ಎರಡನೆಯದರ ಹೆಸರು ಋಷಭನಾರಾಚ. ಆರನೆಯದರ ಹೆಸರು ಸೇವಾರ್ತ. ವಜ್ರಶಬ್ದವನ್ನು ಒಬ್ಬರು ಗುಣವಾಚಕವಾಗಿಯೂ ಇನ್ನೊಬ್ಬರು ವಸ್ತುವಾಚಕವಾಗಿಯೂ ತೆಗೆದುಕೊಂಡದ್ದರಿಂದ ಈ ವ್ಯತ್ಯಾಸ. ಕ್ರಮ ಮತ್ತು ತಾತ್ಪರ್ಯಗಳಲ್ಲಿ ವಿರೋಧವಿಲ್ಲ.

ನಮ್ಮ ಕನ್ನಡ ಭಾಷೆಯಲ್ಲಿ ಈ ಐದನೆಯ ಸಂಹನನದ ಕುರುಹು ಉಳಿದಿದೆ. ಸಂಸ್ಕೃತದ ಕೀಲವು ಗೂಟ, ಬೆಣೆ. ಕನ್ನಡದ ‘ಕೀಲು’ ಗಾಡಿಯ ಕೀಲೂ ಹೌದು, ಮೈಯ ಸಂಧಿಯೂ ಹೌದು. ‘ಮೊಣಕಾಲಿನ ಕೀಲು ನೋಯುತ್ತದೆ’ ಎನ್ನುವ ನಮ್ಮ ಅಜ್ಜಿಯರು ಕರ್ಮಗ್ರಂಥಗಳನ್ನು ಓದಿದವರಲ್ಲದಿದ್ದರೂ, ದೇಹವನ್ನು ಕೂಡಿಕೆಗಳ ರಚನೆಯಾಗಿ ಕಾಣುವ ದೃಷ್ಟಿ ಅವರ ಮಾತಿನಲ್ಲಿಯೇ ಇತ್ತು.

ಆಧುನಿಕ ಶರೀರಶಾಸ್ತ್ರವನ್ನು ಇಲ್ಲಿ ನೆನೆಯುವುದು ಸಹಜ. ವಯಸ್ಕ ಮನುಷ್ಯನಲ್ಲಿ ಸಾಮಾನ್ಯವಾಗಿ 206 ಮೂಳೆಗಳಿವೆ. ಮೊಣಕಾಲಿನಂತಹ ಚಲಿಸುವ ಸಂಧಿಗಳಲ್ಲಿ ಮೂಳೆಗಳ ತುದಿಗೆ ಮೃದ್ವಸ್ಥಿಯ ಹೊದಿಕೆಯಿದ್ದು, ಸುತ್ತಲಿನ ಬಿಗಿಯಾದ ತಂತುಗಳೂ ಸ್ನಾಯುಗಳೂ ಅವನ್ನು ಹಿಡಿದಿರುತ್ತವೆ. ಅಕಲಂಕದೇವರ ಆರನೆಯ ಸಂಹನನದ ವರ್ಣನೆಗೆ ಇದು ಸಮೀಪವಾಗಿದೆ. ಆದರೆ ಇದರಿಂದ ಆಗಮವು ವಿಜ್ಞಾನದಿಂದ ಸಿದ್ಧವಾಯಿತೆಂದು ಸಾರುವ ಆತುರ ನಮಗೆ ಬೇಡ. ಆಚಾರ್ಯರು ಬರೆದದ್ದು ಶಸ್ತ್ರವೈದ್ಯರ ಕೈಪಿಡಿಯನ್ನಲ್ಲ. ಜೀವದ ಪರಿಣಾಮಕ್ಕೂ ದೇಹದ ಸಾಮರ್ಥ್ಯಕ್ಕೂ ಇರುವ ಸಂಬಂಧವನ್ನು ಅಳೆಯುವುದು ಅವರ ಪ್ರಯೋಜನ.

ಗ್ರಂಥಪರಂಪರೆ ಮತ್ತು ಕರ್ನಾಟಕ

ಈ ಪದದ ಇತಿಹಾಸದಲ್ಲಿ ನಮ್ಮ ನಾಡಿಗೆ ದೊಡ್ಡ ಪಾಲಿದೆ. ಪುಷ್ಪದಂತ ಭೂತಬಲಿ ಆಚಾರ್ಯರ ಷಟ್ಖಂಡಾಗಮದಲ್ಲಿ ನಾಮಕರ್ಮದ ಭೇದಗಳನ್ನು ಎಣಿಸುವಾಗ ಆರು ಸಂಹನನಗಳು ಬರುತ್ತವೆ. ಆ ಗ್ರಂಥವನ್ನೂ ಅದರ ಧವಲಾಟೀಕೆಯನ್ನೂ ಹಳಗನ್ನಡ ಲಿಪಿಯ ತಾಳೆಗರಿಗಳಲ್ಲಿ ಶತಮಾನಗಳ ಕಾಲ ಕಾಪಾಡಿದ್ದು ಮೂಡುಬಿದಿರೆಯ ಸಿದ್ಧಾಂತ ಬಸದಿ. 1939ರಿಂದ ಡಾ. ಹೀರಾಲಾಲ ಜೈನರ ಸಂಪಾದಕತ್ವದಲ್ಲಿ ಅದು 16 ಸಂಪುಟಗಳಾಗಿ ಅಚ್ಚಾದ ಬಳಿಕವೇ ಜನಸಾಮಾನ್ಯರಿಗೆ ಓದಲು ದೊರೆತದ್ದು.

ಹತ್ತನೆಯ ಶತಮಾನದಲ್ಲಿ ನೇಮಿಚಂದ್ರ ಸಿದ್ಧಾಂತಚಕ್ರವರ್ತಿಗಳು ಚಾವುಂಡರಾಯನ ನಿಮಿತ್ತವಾಗಿ ಗೊಮ್ಮಟಸಾರವನ್ನು ರಚಿಸಿದರು. ಅದರ ಕರ್ಮಕಾಂಡದಲ್ಲಿ ಯಾವ ಸಂಹನನದವರು ಎಲ್ಲಿಯವರೆಗೆ ಏರಬಲ್ಲರು, ಎಲ್ಲಿಯವರೆಗೆ ಇಳಿಯಬಲ್ಲರು ಎಂಬ ಲೆಕ್ಕವಿದೆ. 1359ರಲ್ಲಿ ಕೇಶವವರ್ಣಿಗಳು ಈ ಗ್ರಂಥಕ್ಕೆ ಕನ್ನಡ ವೃತ್ತಿಯನ್ನು ಬರೆದರು. ಮುಂದೆ ಸಂಸ್ಕೃತದ ಟೀಕೆಗೆ ಈ ಕನ್ನಡ ವೃತ್ತಿಯೇ ಆಧಾರವಾಯಿತು. ಸಿದ್ಧಾಂತದ ಇಂತಹ ಕ್ಲಿಷ್ಟ ಭಾಗ ಕನ್ನಡದಿಂದ ಸಂಸ್ಕೃತಕ್ಕೆ ಹೋಯಿತೆಂಬುದು ನಮಗೆ ಅಭಿಮಾನದ ಸಂಗತಿ.

ಕಾವ್ಯಗಳಲ್ಲಿಯೂ ಪೂಜಾಪಾಠಗಳಲ್ಲಿಯೂ ನಾವು ಕೇಳುವುದು ಹೆಚ್ಚಾಗಿ ಮೊದಲನೆಯ ಸಂಹನನವನ್ನೇ. ತೀರ್ಥಂಕರರ ಹತ್ತು ಜನ್ಮಾತಿಶಯಗಳಲ್ಲಿ ಸಮಚತುರಸ್ರಸಂಸ್ಥಾನ ಮತ್ತು ವಜ್ರವೃಷಭನಾರಾಚಸಂಹನನ ಎರಡೂ ಸೇರಿವೆ. ಶ್ರವಣಬೆಳಗೊಳದ ವಿಂಧ್ಯಗಿರಿಯಲ್ಲಿ 981ರ ಸುಮಾರಿಗೆ ಪ್ರತಿಷ್ಠಿತವಾದ 58 ಅಡಿಯ ಬಾಹುಬಲಿಸ್ವಾಮಿಯ ಮೂರ್ತಿಯನ್ನು ನೋಡುವಾಗ ಈ ಪದ ಕಣ್ಣಿಗೆ ಕಾಣುತ್ತದೆ. ಒಂದು ವರ್ಷ ಅಲುಗದೆ ನಿಂತ ದೇಹ, ಹಬ್ಬಿದ ಬಳ್ಳಿ, ಎದ್ದ ಹುತ್ತ. ಅಂತಹ ಪ್ರತಿಮಾಯೋಗಕ್ಕೆ ಬೇಕಾದ ಅಸ್ಥಿಬಲವನ್ನು ಶಾಸ್ತ್ರವು ಉತ್ತಮಸಂಹನನವೆಂದು ಕರೆಯಿತು. ಆದರೆ ಪುರಾಣವನ್ನು ಬಲ್ಲವರಿಗೆ ಗೊತ್ತು: ಬಾಹುಬಲಿಗೆ ಕೇವಲಜ್ಞಾನ ತಡವಾದದ್ದು ಮೂಳೆಯ ದೌರ್ಬಲ್ಯದಿಂದ ಅಲ್ಲ, ಮನಸ್ಸಿನಲ್ಲಿ ಉಳಿದ ಒಂದು ಶಲ್ಯದಿಂದ.

ಬಲವು ಗುಣವಲ್ಲ

ಇಲ್ಲಿಯೇ ಈ ವಿಷಯದ ತಿರುಳಿದೆ. ಗೊಮ್ಮಟಸಾರದ ಲೆಕ್ಕವನ್ನು ಗಮನವಿಟ್ಟು ನೋಡೋಣ. ಆರು ಸಂಹನನಗಳಲ್ಲಿ ಯಾವುದನ್ನು ಹೊಂದಿದವನಾದರೂ ಮೂರನೆಯ ನರಕದವರೆಗೆ ಹೋಗಬಲ್ಲನು. ನಾಲ್ಕು ಮತ್ತು ಐದನೆಯ ನರಕಗಳಿಗೆ ಕೊನೆಯ ಸಂಹನನದವರು ಹೋಗಲಾರರು. ಆರನೆಯದಕ್ಕೆ ಮೊದಲ ನಾಲ್ಕು ಸಂಹನನದವರು ಮಾತ್ರ. ಏಳನೆಯ ನರಕಕ್ಕೆ ಹೋಗಬಲ್ಲವನು ವಜ್ರವೃಷಭನಾರಾಚಸಂಹನನದವನೊಬ್ಬನೇ. ಮೋಕ್ಷಕ್ಕೆ ಹೋಗಬಲ್ಲವನೂ ಅವನೊಬ್ಬನೇ. ಒಂದೇ ಮೈಕಟ್ಟು, ಎರಡು ತುತ್ತತುದಿಗಳು.

ಇದರ ಅರ್ಥವೇನು? ಸಂಹನನವು ಬಂಡವಾಳವಿದ್ದಂತೆ. ದೊಡ್ಡ ಬಂಡವಾಳದವನು ದೊಡ್ಡ ಲಾಭವನ್ನೂ ಮಾಡಬಲ್ಲ, ದೊಡ್ಡ ದಿವಾಳಿಯನ್ನೂ ತೆಗೆಯಬಲ್ಲ. ಬಂಡವಾಳವನ್ನು ಕಂಡು ವ್ಯಾಪಾರಿಯ ನಿಯತ್ತನ್ನು ಹೇಳಲಾಗದು. ಮೈಯ ಬಲವು ನಾಮಕರ್ಮದ ಫಲ; ಅದನ್ನು ಎಲ್ಲಿ ವಿನಿಯೋಗಿಸಬೇಕೆಂಬುದು ಜೀವದ ಭಾವಕ್ಕೆ ಬಿಟ್ಟದ್ದು. ನಾಮಕರ್ಮವು ಅಘಾತಿಕರ್ಮವೆಂಬುದನ್ನೂ ಮರೆಯಬಾರದು. ಅದು ಆತ್ಮನ ಜ್ಞಾನ ದರ್ಶನಗಳನ್ನು ನೇರವಾಗಿ ಘಾತಿಸುವುದಿಲ್ಲ. ಘಾತಿಸುವುದು ಮೋಹನೀಯಾದಿ ಘಾತಿಕರ್ಮಗಳು. ಮೂಳೆಯ ಮೇಲೆ ಹೊರಿಸುವ ಅಪವಾದ ಬಹುಪಾಲು ಮೋಹಕ್ಕೆ ಸಲ್ಲಬೇಕಾದದ್ದು.

ಈ ಲೆಕ್ಕವೇ ಒಂದು ದೊಡ್ಡ ಚರ್ಚೆಗೂ ಕಾರಣವಾಯಿತು. ಕರ್ಮಭೂಮಿಯ ಸ್ತ್ರೀಯರಿಗೆ ಕೊನೆಯ ಮೂರು ಸಂಹನನಗಳೇ ಎಂಬುದು ದಿಗಂಬರ ಕರ್ಮಗ್ರಂಥಗಳ ಮತ. ಸ್ತ್ರೀಪರ್ಯಾಯದಲ್ಲಿ ನೇರವಾಗಿ ಮೋಕ್ಷವಿಲ್ಲವೆಂಬ ವಾದದಲ್ಲಿ ಇದನ್ನೂ, ಏಳನೆಯ ನರಕಕ್ಕೆ ಅವರು ಹೋಗಲಾರರೆಂಬುದನ್ನೂ ಹೇಳಲಾಗುತ್ತದೆ. ಅಮೋಘವರ್ಷನ ಕಾಲದ ಯಾಪನೀಯ ಆಚಾರ್ಯ ಶಾಕಟಾಯನರು ‘ಸ್ತ್ರೀನಿರ್ವಾಣ’ ಪ್ರಕರಣದಲ್ಲಿ ಇದನ್ನು ಪ್ರತಿವಾದಿಸಿ, ಕೆಳಗೆ ಇಳಿಯುವ ಶಕ್ತಿಗೂ ಮೇಲೆ ಏರುವ ಶಕ್ತಿಗೂ ನಿಯತವಾದ ಸಂಬಂಧವಿಲ್ಲವೆಂದು ಸಾಧಿಸಲು ಯತ್ನಿಸಿದರು. ಸಂಪ್ರದಾಯಗಳ ನಿರ್ಣಯ ಅವರವರ ಶ್ರದ್ಧೆಗೆ ಸೇರಿದ್ದು. ಮೂಳೆಯ ಕೂಡಿಕೆಯನ್ನು ಹೇಳುವ ಒಂದು ಪದ ನಮ್ಮ ನಾಡಿನಲ್ಲಿ ಎಷ್ಟು ಆಳವಾದ ವಿಚಾರಮಂಥನಕ್ಕೆ ಎಡೆಮಾಡಿತೆಂಬುದಷ್ಟನ್ನು ಇಲ್ಲಿ ಗಮನಿಸಬೇಕು.

ಹೀನಸಂಹನನವೆಂಬ ನೆಪ

ತತ್ತ್ವಾರ್ಥಸೂತ್ರದ ಒಂಬತ್ತನೆಯ ಅಧ್ಯಾಯದಲ್ಲಿ ಧ್ಯಾನದ ಲಕ್ಷಣವನ್ನು ಹೇಳುವಾಗ ಉತ್ತಮಸಂಹನನದ ಉಲ್ಲೇಖವಿದೆ. ಮೊದಲ ಮೂರು ಸಂಹನನಗಳು ಉತ್ತಮ, ಅವುಗಳಲ್ಲಿ ಮೋಕ್ಷಕ್ಕೆ ಸಾಧನವಾದುದು ಮೊದಲನೆಯದು ಮಾತ್ರ ಎಂಬುದು ಪೂಜ್ಯಪಾದರ ಸರ್ವಾರ್ಥಸಿದ್ಧಿಯ ವಿವರಣೆ. ಜಂಬೂಸ್ವಾಮಿಗಳ ನಂತರ ಈ ಭರತಕ್ಷೇತ್ರದಲ್ಲಿ ಕೇವಲಿಗಳಿಲ್ಲ, ಪಂಚಮಕಾಲದಲ್ಲಿ ಉತ್ತಮಸಂಹನನವಿಲ್ಲ. ಇಷ್ಟನ್ನು ಕೇಳಿದವರು “ಹಾಗಾದರೆ ಈಗ ಧ್ಯಾನವೇ ಇಲ್ಲ” ಎಂದು ತೀರ್ಮಾನಿಸಿಬಿಡುತ್ತಾರೆ.

ಈ ತೀರ್ಮಾನ ಹೊಸದಲ್ಲ. ಅದಕ್ಕೆ ಉತ್ತರವೂ ಹೊಸದಲ್ಲ. ಕುಂದಕುಂದಾಚಾರ್ಯರು ಮೋಕ್ಷಪಾಹುಡದಲ್ಲಿ, ಇದು ಧ್ಯಾನದ ಕಾಲವಲ್ಲವೆನ್ನುವವರನ್ನು ಸ್ಪಷ್ಟವಾಗಿ ನಿರಾಕರಿಸಿದ್ದಾರೆ. ದುಃಷಮಕಾಲದಲ್ಲಿಯೂ ಸಾಧುವಿಗೆ ಧರ್ಮಧ್ಯಾನವುಂಟು. ರತ್ನತ್ರಯದಿಂದ ಶುದ್ಧರಾದವರು ಇಂದ್ರಪದವನ್ನೋ ಲೌಕಾಂತಿಕ ದೇವತ್ವವನ್ನೋ ಪಡೆದು, ಅಲ್ಲಿಂದ ಚ್ಯುತರಾಗಿ ನಿರ್ವಾಣವನ್ನು ಹೊಂದುತ್ತಾರೆ ಎಂಬುದು ಅವರ ಅಭಯ. ರಾಮಸೇನರು ತತ್ತ್ವಾನುಶಾಸನದಲ್ಲಿ ಇನ್ನೂ ಬಿಡಿಸಿ ಹೇಳುತ್ತಾರೆ. ವಜ್ರಕಾಯದವನಿಗೆ ಧ್ಯಾನವೆಂಬ ಆಗಮವಚನ ಶ್ರೇಣಿಯಲ್ಲಿ ಆಗುವ ಧ್ಯಾನವನ್ನು ಕುರಿತದ್ದು. ಅದಕ್ಕಿಂತ ಕೆಳಗಿನ ಧ್ಯಾನವನ್ನು ಅದು ನಿಷೇಧಿಸುವುದಿಲ್ಲ. ಶ್ರುತಸಾಗರವನ್ನು ದಾಟಿದವರು ಇಂದು ಇಲ್ಲವೆಂದು ಅಲ್ಪಶ್ರುತರು ತಮ್ಮ ಶಕ್ತಿಗೆ ತಕ್ಕಂತೆ ಧ್ಯಾನಿಸಬಾರದೇ ಎಂದು ಅವರು ಕೇಳುತ್ತಾರೆ.

ದೇವಸೇನರ ಭಾವಸಂಗ್ರಹದಲ್ಲಿ ಬರುವ ಒಂದು ಮಾತು ನಮ್ಮಂತಹವರಿಗೆ ಬಹಳ ಧೈರ್ಯ ಕೊಡುವಂಥದು. ಹಿಂದಿನವರು ಆ ದೃಢಕಾಯದಿಂದ ಸಾವಿರ ವರ್ಷಗಳಲ್ಲಿ ಮಾಡುತ್ತಿದ್ದ ಕರ್ಮನಿರ್ಜರೆಯನ್ನು ಈಗ ಹೀನಸಂಹನನದಲ್ಲಿ ಒಂದು ವರ್ಷದಲ್ಲಿ ಮಾಡಬಹುದಂತೆ. ದುರ್ಬಲವಾದ ದೇಹದಿಂದ ಸಂಯಮವನ್ನು ನಡೆಸುವುದಕ್ಕೆ ಬೇಕಾದ ಭಾವದ ದಾರ್ಢ್ಯ ಅಷ್ಟು ಹೆಚ್ಚಿನದು ಎಂಬುದು ಇದರ ತಾತ್ಪರ್ಯ. ಸಾವಿರದ ಆಸ್ತಿಯುಳ್ಳವನ ನೂರು ರೂಪಾಯಿ ದಾನಕ್ಕೂ, ದಿನಗೂಲಿಯವನ ಹತ್ತು ರೂಪಾಯಿ ದಾನಕ್ಕೂ ಇರುವ ಅಂತರ ನಮಗೆ ತಿಳಿಯದ್ದೇನಲ್ಲ.

ಚಂದ್ರಗಿರಿಯ ಬಂಡೆಗಳ ಮೇಲೆ ಏಳನೆಯ ಶತಮಾನದಿಂದ ಈಚೆಗೆ ಕೊರೆದ ನಿಸಿದಿ ಶಾಸನಗಳನ್ನು ನೋಡಿ. ಸಮಾಧಿಮರಣವನ್ನು ಸಾಧಿಸಿದ ಆ ಮುನಿಗಳೂ ಕಂತಿಯರೂ ಶ್ರಾವಕ ಶ್ರಾವಿಕೆಯರೂ ಪಂಚಮಕಾಲದವರೇ. ಅವರ ಮೂಳೆಗಳೂ ನಮ್ಮವುಗಳಂತೆಯೇ ಇದ್ದವು. ಅವರು ನೆಪ ಹೇಳಲಿಲ್ಲ.

ಶಕ್ತಿಯನ್ನು ಅರಿಯುವ ವಿವೇಕ

ಇನ್ನು ಎರಡನೆಯ ತಪ್ಪು. ತೀರ್ಥಂಕರ ಪ್ರಕೃತಿಗೆ ಕಾರಣವಾದ ಹದಿನಾರು ಭಾವನೆಗಳಲ್ಲಿ ತ್ಯಾಗಕ್ಕೂ ತಪಸ್ಸಿಗೂ ‘ಶಕ್ತಿತಃ’ ಎಂಬ ವಿಶೇಷಣವಿದೆ. ಶಕ್ತಿಗೆ ಅನುಸಾರವಾಗಿ ಎಂದರ್ಥ. ಶಕ್ತಿಯನ್ನು ಅಡಗಿಸಬಾರದು, ಶಕ್ತಿಯನ್ನು ಮೀರಲೂಬಾರದು. ಸಂಹನನವನ್ನು ತಿಳಿಯುವುದರ ಪ್ರಯೋಜನವೇ ಇದು. ಚರಕನ ವೈದ್ಯನು ಔಷಧ ಕೊಡುವ ಮುನ್ನ ಬಲವನ್ನು ನೋಡುವಂತೆ, ವ್ರತ ಕೊಡುವವರೂ ತೆಗೆದುಕೊಳ್ಳುವವರೂ ಬಲವನ್ನು ನೋಡಬೇಕು.

ದಶಲಕ್ಷಣ ಪರ್ವದಲ್ಲಿ ಹೆಚ್ಚು ದಿನ ಉಪವಾಸ ಮಾಡಿದವರನ್ನು ವೇದಿಕೆಗೆ ಕರೆದು ಸನ್ಮಾನಿಸುವ ಪದ್ಧತಿ ಹಲವೆಡೆ ಇದೆ. ಅನುಮೋದನೆ ಒಳ್ಳೆಯದೇ. ಆದರೆ ಸಂಖ್ಯೆಯ ಸ್ಪರ್ಧೆ ಆರಂಭವಾದರೆ, ಮಧುಮೇಹವಿರುವವರೂ ಎಳೆಯ ಮಕ್ಕಳೂ ನಾಚಿಕೆಗಾಗಿ ಉಪವಾಸಕ್ಕೆ ಕೂರುತ್ತಾರೆ. ಅಲ್ಲಿ ತಪಸ್ಸಿನ ಜಾಗದಲ್ಲಿ ಮಾನಕಷಾಯ ಬಂದು ಕುಳಿತಿರುತ್ತದೆ. ಸಾರ್ವಜನಿಕರ ಕಣ್ಣಿನಲ್ಲಿಯೂ ಇದು ಧರ್ಮಕ್ಕೆ ಅಪವಾದ ತರುತ್ತದೆ. 2015ರ ಆಗಸ್ಟ್ 10ರಂದು ರಾಜಸ್ಥಾನದ ಉಚ್ಚ ನ್ಯಾಯಾಲಯ ಸಲ್ಲೇಖನವನ್ನು ಆತ್ಮಹತ್ಯೆಗೆ ಸಮವೆಂದು ಪರಿಗಣಿಸಿ ತೀರ್ಪಿತ್ತಾಗ, ದೇಶದ ಜೈನಸಮಾಜವೆಲ್ಲ ಮೌನ ಮೆರವಣಿಗೆಗಳಲ್ಲಿ ಪ್ರತಿಭಟಿಸಿತು. ಅದೇ ತಿಂಗಳ 31ರಂದು ಸರ್ವೋಚ್ಚ ನ್ಯಾಯಾಲಯ ಆ ತೀರ್ಪಿಗೆ ತಡೆ ನೀಡಿತು. ಸಮಂತಭದ್ರರ ರತ್ನಕರಂಡಕದಲ್ಲಿ ಸಲ್ಲೇಖನಕ್ಕೆ ಪರಿಹಾರವಿಲ್ಲದ ಉಪಸರ್ಗ, ದುರ್ಭಿಕ್ಷ, ಮುಪ್ಪು, ರೋಗಗಳೆಂಬ ಸಂದರ್ಭಗಳನ್ನು ನಿಯಮಿಸಿದೆ. ಆಹಾರವನ್ನು ಕ್ರಮಕ್ರಮವಾಗಿ ಕಡಿಮೆ ಮಾಡುವ ವಿಧಿಯಿದೆ. ಅವಸರಕ್ಕಾಗಲಿ ಬಲವಂತಕ್ಕಾಗಲಿ ಅಲ್ಲಿ ಸ್ಥಾನವಿಲ್ಲ. ಈ ವಿವೇಕವನ್ನು ನಾವು ನಿತ್ಯದ ವ್ರತಗಳಲ್ಲಿ ತೋರಿಸಿದಾಗಲೇ ಸಲ್ಲೇಖನದ ಪಾವಿತ್ರ್ಯವನ್ನು ಕುರಿತು ನಾವು ಹೇಳುವ ಮಾತಿಗೆ ತೂಕ ಬರುತ್ತದೆ.

ಬಸದಿಗಳ ಟ್ರಸ್ಟಿನವರಲ್ಲಿ ಒಂದು ವಿನಂತಿ. ಪ್ರವಚನಮಂದಿರದಲ್ಲಿ ಕುರ್ಚಿಯ ಮೇಲೆ ಕುಳಿತ ವೃದ್ಧರನ್ನು ಕಂಡು ಕೆಲವರು ಮುಖ ತಿರುಗಿಸುವುದುಂಟು. ವಟ್ಟಕೇರಾಚಾರ್ಯರ ಮೂಲಾಚಾರದಲ್ಲಿ ಕಾಯೋತ್ಸರ್ಗವನ್ನು ನಾಲ್ಕು ವಿಧವಾಗಿ ವಿಂಗಡಿಸಿದೆ. ದೇಹವೂ ನಿಂತು ಭಾವವೂ ಧರ್ಮಶುಕ್ಲಧ್ಯಾನಗಳಲ್ಲಿ ನಿಂತದ್ದು ಒಂದು. ದೇಹ ನಿಂತಿದ್ದು ಭಾವ ಆರ್ತರೌದ್ರಗಳಲ್ಲಿ ಕುಸಿದದ್ದು ಇನ್ನೊಂದು. ದೇಹ ಕುಳಿತಿದ್ದರೂ ಭಾವ ಎದ್ದುನಿಂತದ್ದು ಮೂರನೆಯದು. ಎರಡೂ ಕುಳಿತದ್ದು ನಾಲ್ಕನೆಯದು. ಕುಳಿತವನನ್ನು ‘ನಿಂತವನು’ ಎಂದು ಕರೆಯಲು ಆಚಾರ್ಯರಿಗೆ ಸಂಕೋಚವಾಗಲಿಲ್ಲ. ಹಾಗಿರುವಾಗ ಕೀಲು ಸವೆದ ಹಿರಿಯರಿಗೆ ಒಂದು ಕುರ್ಚಿ, ಮೆಟ್ಟಿಲಿಗೆ ಒಂದು ಹಿಡಿಕಂಬಿ, ಒಂದು ಊರುಗೋಲಿನ ಆಸರೆ ಒದಗಿಸುವುದು ವೈಯಾವೃತ್ಯವೆಂಬ ಅಂತರಂಗತಪಸ್ಸೇ ಆಗುತ್ತದೆ.

ಧರ್ಮಬಂಧುಗಳೇ, ನಮ್ಮ ಮೂಳೆಗಳು ಸಿರೆಸ್ನಾಯುಗಳಿಂದ ಕಟ್ಟಿದವೆಂಬುದನ್ನು ಆಗಮ ಮುಚ್ಚಿಡಲಿಲ್ಲ. ಈ ಸಡಿಲ ಗಾಡಿಯಲ್ಲಿಯೇ ನಾವು ಪಯಣಿಸಬೇಕಾಗಿದೆ. ಗಾಡಿ ಹಳೆಯದೆಂದು ಊರಿಗೆ ಹೊರಡದೆ ಕುಳಿತರೆ ಪ್ರಮಾದ. ಹಳೆಯ ಗಾಡಿಗೆ ಮಿತಿಮೀರಿದ ಹೇರು ಹೇರಿದರೆ ಅವಿವೇಕ. ದಿನಕ್ಕೊಂದು ಸಾಮಾಯಿಕ, ರಾತ್ರಿಭೋಜನತ್ಯಾಗ, ಮಾತಿನಲ್ಲಿ ಸತ್ಯ, ತೂಕದಲ್ಲಿ ಪ್ರಾಮಾಣಿಕತೆ ಇವುಗಳಿಗೆ ವಜ್ರದ ಮೂಳೆ ಬೇಕೆಂದು ಯಾವ ಆಚಾರ್ಯರೂ ಹೇಳಿಲ್ಲ.